ಕೋಣೆಯ ಮೌನ, ಒಂದು ನಿಮಿಷ

ಊರಿನ ಹೆಸರು ಹಾಕಬಾರದೆಂದು ಮಾತಾಗಿದೆ.
ನಾಪೋಕ್ಲಿನಿಂದ ಜೀಪಿನಲ್ಲಿ ಮುಕ್ಕಾಲು ಗಂಟೆ,
ಅಷ್ಟು ಸಾಕು.
ಚಿತ್ರ ಪೊನ್ನವ್ವನದು. ನಾನು ಬರೀ ಶಬ್ದದವನು:
ಕೋಲಿನ ತುದಿಗೆ ಮೈಕು ಕಟ್ಟಿ
ಮಾತಾಡುವವರ ತಲೆಯ ಮೇಲೆ ಹಿಡಿದು ನಿಲ್ಲುವುದು,
ಜೇನು ಕೀಳಲು ಬಂದವನೆಂದು ಮಕ್ಕಳು ನಗುವ ಕೆಲಸ.

ಅವಳಿಗದು ತನ್ನದೇ ಒಕ್ಕದ ಐನ್‌ಮನೆ.
ಬೆಳ್ಯಪ್ಪಜ್ಜ ಕುಪ್ಯ ತೊಟ್ಟು, ಪೀಚೆಕತ್ತಿ ಸಿಕ್ಕಿಸಿ,
ನೆಲ್ಲಕ್ಕಿ ದೀಪದ ಕೆಳಗೆ ಕೂತು
ಮೂರು ದಿನ ಚರಿತ್ರೆ ಹೇಳಿದ.
ದಂಡು ಹಿಡಿದೊಯ್ದ ತಮ್ಮನೊಬ್ಬ
ಎಷ್ಟೋ ವರ್ಷಕ್ಕೆ ಬೇರೆ ದೇವರ ಹೆಸರು ಹೊತ್ತು ತಿರುಗಿ ಬಂದಾಗ
ಅಣ್ಣ ಏನೂ ಕೇಳದೆ
ಹೊಳೆದಂಡೆಯ ಗದ್ದೆ ಕೊಟ್ಟನಂತೆ, ಬಾವಿಯಲ್ಲಿ ಪಾಲು,
ಒಕ್ಕದ ಹೆಸರನ್ನೂ ಕೊಟ್ಟನಂತೆ.
"ಅವರು ನಮಾಜಿಗೆ ಹೋಗುತ್ತಾರೆ, ನಾವು ಕೈಮಡಕ್ಕೆ.
ಕಾರೋಣ ಒಬ್ಬನೇ."

ಆ ವಾಕ್ಯಕ್ಕೆ ಪೊನ್ನವ್ವನ ಕಣ್ಣು ಹೊಳೆಯಿತು.
ಪೋಸ್ಟರಿಗೆ ಆಗುವಂಥ ವಾಕ್ಯ.
ನನ್ನ ಕಿವಿಗೆ ಮಾತ್ರ
ಅದರ ಕೊನೆಯಲ್ಲೊಂದು ಉಗುಳು ನುಂಗಿದ ಸದ್ದು.

ಕೆಲಸ ಮುಗಿದ ಮೇಲೆ ನಮ್ಮದೊಂದು ಶಾಸ್ತ್ರ:
ಕ್ಯಾಮೆರಾ ಆರಿಸಿ, ಎಲ್ಲರೂ ಕೂತಲ್ಲೇ ಕೂತು,
ಕೋಣೆಯ ಮೌನವನ್ನು ಒಂದು ನಿಮಿಷ ಹಿಡಿಯಬೇಕು.
ಒಂದೊಂದು ಕೋಣೆಯದೂ ಒಂದೊಂದು ಮೌನ;
ಮಾತು ಕತ್ತರಿಸಿದ ಕಡೆ ತೇಪೆ ಹಾಕಲು
ಬೇರೆ ಮನೆಯದು ಹೊಂದುವುದಿಲ್ಲ.
"ಅಜ್ಜ, ಒಂದೇ ನಿಮಿಷ. ಯಾರೂ ಮಾತಾಡಬಾರದು."

ಹತ್ತನೇ ಸೆಕೆಂಡು: ಹಿತ್ತಲ ಬಾವಿಯ ರಾಟೆ, ಕಿರ್ರ್, ಕಿರ್ರ್.
ಇಪ್ಪತ್ತು: ಒಳಗೆ ಯಾವುದೋ ಮೊಮ್ಮಗಳ ಬಳೆ.
ಮೂವತ್ತೊಂದು:

"ಎರ್ಮು ಬಾಗಿಲು ಬಡಿದ.
ಲಾರಿಯಲ್ಲಿ ಹೊರಗಿನವರು ಬಂದಿದ್ದ ರಾತ್ರಿ.
ಕೊಡವ ತಕ್ಕ್‌ನಲ್ಲೇ ಕೂಗಿದ, ಅಣ್ಣಾ ಅಂದ.
ಕೈಲ್ ಪೊಳ್ದ್ ಮುಗಿದು ಎರಡು ದಿನ;
ಗೋಡೆಯ ಮೇಲಿನ ತೋಕಿನ ಬಾಯಿಗೆ ಸಿಕ್ಕಿಸಿದ್ದ ತೋಕ್ ಪೂ
ಇನ್ನೂ ಬಾಡಿರಲಿಲ್ಲ.
ನಾನು ದೀಪ ಸಣ್ಣ ಮಾಡಿದೆ.
ಅಷ್ಟೇ ಮಾಡಿದ್ದು."

ನಿಮಿಷ ತುಂಬಿತು. ಯಾರೂ ಏಳಲಿಲ್ಲ.
ನಿಲ್ಲಿಸುವ ಗುಂಡಿ ನನ್ನ ಹೆಬ್ಬೆರಳ ಕೆಳಗೇ ಇತ್ತು.

ಸಂಜೆಯೊಳಗೆ ಫೋನುಗಳು.
ಮಡಿಕೇರಿಯ ಚಿಕ್ಕಪ್ಪ, ಪೊನ್ನಂಪೇಟೆಯ ಮಾವ,
ರಿಟೈರಾದ ಕರ್ನಲ್ ಒಬ್ಬರು:
"ಚಿತ್ರವಿಲ್ಲದ ಮಾತಿಗೆ ಬೆಲೆಯೇನು? ಅಳಿಸು.
ಮುದುಕನಿಗೆ ಅರಳುಮರಳು."
ಪೊನ್ನವ್ವ ರಾತ್ರಿಯಿಡೀ ಜೀಪಿನಲ್ಲಿ ಕೂತು ಅದನ್ನೇ ಕೇಳಿದಳು.
ನಿಜ ಹೇಳಬೇಕೆಂದರೆ, ಅಳಿಸಿಬಿಡೋಣ ಅಂದವನು ನಾನೂ ಹೌದು.
ನನಗೆ ಬಾಕಿ ದುಡ್ಡು ಬರಬೇಕಿತ್ತು.

ಬೆಳಿಗ್ಗೆ ಅವಳು ಅಜ್ಜನನ್ನೇ ಕೇಳಿದಳು.
ಅವನು ಕೈಮಡದ ಮೆಟ್ಟಿಲ ಮೇಲಿನ ತರಗೆಲೆ ಗುಡಿಸುತ್ತಿದ್ದ.
"ಕ್ಯಾಮೆರಾ ಆರಿಸಿದ್ದು ನೀನು.
ನಾನು ಆರಿಸು ಅಂದೆನೇ?
ಇಷ್ಟು ವರ್ಷ ಇವರ ಮುಂದೆ ಹೇಳಿದೆ.
ಇವರು ಏನೂ ಅನ್ನುವುದಿಲ್ಲ.
ಅನ್ನುವವರಿಗೆ ಕೇಳಿಸು."

ಗೋಣಿಕೊಪ್ಪ. ಬಸ್‌ಸ್ಟ್ಯಾಂಡಿನ ಹಿಂದೆ
ಎರ್ಮುವಿನ ಮಗಳು ಬೀಯಾತುವಿನ ಹೊಲಿಗೆ ಅಂಗಡಿ.
ಯಾರಿಗಿಂತ ಮೊದಲು ಅವಳು ಕೇಳಬೇಕು,
ಬೇಡವೆಂದರೆ ಬೇಡ, ಎಂದಳು ಪೊನ್ನವ್ವ,
ಕ್ಯಾಮೆರಾವನ್ನು ಜೀಪಿನಲ್ಲೇ ಬಿಟ್ಟು.
ತಲೆವಸ್ತ್ರದ ಮೇಲೆಯೇ ನನ್ನ ಹೆಡ್‌ಫೋನು ಏರಿಸಿಕೊಂಡು,
ಹೊಲಿಗೆಯಂತ್ರದ ಚಕ್ರವನ್ನು ಅಂಗೈಯಿಂದ ಒತ್ತಿ ಹಿಡಿದು
ಬೀಯಾತು ಕೇಳಿದಳು.

ಮುಗಿಯಿತು. ಇನ್ನೊಮ್ಮೆ, ಎಂದು ಬೆರಳೆತ್ತಿದಳು.
ನಾನು ಮೂವತ್ತೊಂದಕ್ಕೆ ತಂದಿಟ್ಟೆ.
ತಲೆಯಾಡಿಸಿದಳು. ಅದಕ್ಕಿಂತ ಹಿಂದೆ.
ಇಪ್ಪತ್ತಕ್ಕೆ. ಅಲ್ಲ, ಇನ್ನೂ ಹಿಂದೆ.
ಹತ್ತಕ್ಕೆ.
ಕಣ್ಣು ಮುಚ್ಚಿದಳು.

"ಆ ರಾಟೆಗೆ," ಅಂದಳು,
"ಇನ್ನೂ ಎಣ್ಣೆ ಹಾಕಿಲ್ಲವಾ ಅವರು?"